ಹಳೆಯ ಗೇಮ್ ಯಂತ್ರಕ್ಕೊಂದು ಕಾಲುಸಂಕ

ಅಟ್ಟದ ಮೇಲೆ ಉಪಯೋಗವಿಲ್ಲದೆ ಬಿದ್ದಿರುವ ವಿದ್ಯುನ್ಮಾನ ಸಾಮಗ್ರಿಗಳನ್ನು ತಿಪ್ಪೆಗೆ ಎಸೆಯಬೇಡಿ, ಸುಡಬೇಡಿ, ಹಳ್ಳಕ್ಕಂತೂ ಹಾಕಲೇಬೇಡಿ. ಒಟ್ಟುಗೂಡಿಸಿ ಅಧಿಕೃತ ಮರುಬಳಕೆಯ ಘಟಕಕ್ಕೆ ತಲುಪಿಸಿ ಎಂದು ಊರೂರು ತಿರುಗಿ ಉಪದೇಶಿಸಿದವರಲ್ಲಿ ನಾನೂ ಒಬ್ಬ. ಹೇಳಿದ್ದನ್ನು ಮೊದಲು ಸ್ವಂತ ಮನೆಯಲ್ಲಿ ಮಾಡಿ ತೋರಿಸಬೇಕೆಂಬ ಹುಮ್ಮಸ್ಸಿನಿಂದ 2019ರ ಬೇಸಿಗೆಯಲ್ಲಿ ಅಟ್ಟ ಹತ್ತಿದೆ. ಸಿಡಿಲು ಬಡಿದು ಸತ್ತ ದೂರವಾಣಿ, ಎರಡು ಹಳೆಯ ಮೊಬೈಲು, ಸೆಲ್ ಸೋರಿ ಹಸಿರು ಕಿಲುಬು ಹತ್ತಿದ ಟಾರ್ಚು, ಇವುಗಳ ನಡುವೆ ಪುಸ್ತಕದಂತೆ ಮಡಚುವ ಒಂದು ಬಿಳಿಯ ಡಬ್ಬಿಯೂ ಇತ್ತು. ರಜೆಗೆಂದು ಬರುತ್ತಿದ್ದ ಅಕ್ಕನ ಮಕ್ಕಳು ಬಿಟ್ಟುಹೋದ ಆಟದ ಯಂತ್ರ. ವರ್ಷಗಳಿಂದ ಯಾರೂ ಅದನ್ನು ಕೇಳಿರಲಿಲ್ಲ. ಅದೂ ಚೀಲ ಸೇರಿತು, ಚೀಲ ಪೇಟೆಗೆ ಹೋಯಿತು, ನನಗೆ ಪುಣ್ಯ ಬಂತೆಂದುಕೊಂಡೆ.

2025ರ ದೀಪಾವಳಿಗೆ ಬಂದ ಕಿರಿಯ ಅಳಿಯ ಎಮ್ಮೆ ಕೊಟ್ಟಿಗೆಯ ಪೂಜೆ ಮುಗಿಯುವುದಕ್ಕೂ ಕಾಯದೆ ಅಟ್ಟ ಹತ್ತಿ, ಮೈಯೆಲ್ಲ ಜೇಡರ ಬಲೆಯಾಗಿ ಇಳಿದು ಬಂದ.

"ಮಾವ, ಇಲ್ಲಿದ್ದ ನನ್ನ ಡಿಎಸ್ ಲೈಟ್ ಎಲ್ಲಿ?"

ಕೊಟ್ಟುಬಿಟ್ಟೆ ಎಂದೆ. ಅದರೊಳಗೆ ಬೆಲೆಬಾಳುವಂಥದ್ದೇನಾದರೂ ಇತ್ತೇನೋ ಮಾಣಿ ಎಂದು ಕೇಳಿದೆ. "ಒಳಗೆ ಏನೂ ಇರಲಿಲ್ಲ ಮಾವ. ಆದರೆ ಅದೇ ಸಂಕವಾಗಿತ್ತು" ಎಂದ.

ಮಲೆನಾಡಿನವರಿಗೆ ಸಂಕವೆಂದರೇನೆಂದು ವಿವರಿಸಬೇಕಾಗಿಲ್ಲ. ಹಳ್ಳದ ಮೇಲೆ ನಾಲ್ಕು ಅಡಿಕೆ ಮರ ಅಡ್ಡ ಹಾಕಿ, ಹಿಡಿಯಲು ಒಂದು ಬಿದಿರಿನ ಗಳ ಕಟ್ಟಿದರೆ ಆಯಿತು. ಅದರಲ್ಲಿ ಯಾರೂ ವಾಸಿಸುವುದಿಲ್ಲ, ಅದರೊಳಗೆ ಯಾವ ಸಂಪತ್ತೂ ಇರುವುದಿಲ್ಲ. ಅದು ಕೊಚ್ಚಿಹೋದ ದಿನ ಮಾತ್ರ ಆಚೆ ದಡದ ಮನೆಯ ಬೆಲೆ ತಿಳಿಯುತ್ತದೆ. ನನ್ನ ಅಳಿಯನ ಆಚೆ ದಡದಲ್ಲಿ ಉಳಿದವನು ಕೆಂಚ.

ಕೆಂಚ ಎಂಬುದು ಒಂದು ಕಾಲಕ್ಕೆ ನಮ್ಮ ಮನೆಯಲ್ಲಿದ್ದ ನಾಯಿಯ ಹೆಸರು. ಹಿರಿಯ ಅಳಿಯನಿಗೆ ಅವನ ಚಿಕ್ಕಪ್ಪ 2006ರಲ್ಲಿ ಅಮೆರಿಕದಿಂದ ಬರುವಾಗ ಗೇಮ್ ಬಾಯ್ ಅಡ್ವಾನ್ಸ್ ಎಂಬ ಅಂಗೈಯಗಲದ ಯಂತ್ರವನ್ನೂ ‘ಪೋಕೆಮಾನ್ ಎಮರಾಲ್ಡ್’ ಎಂಬ ಆಟದ ಕಾರ್ಟ್ರಿಜನ್ನೂ ತಂದುಕೊಟ್ಟಿದ್ದ. ಕಾಡುಮೇಡುಗಳಲ್ಲಿ ಅಲೆದು ವಿಚಿತ್ರ ಪ್ರಾಣಿಗಳನ್ನು ಹಿಡಿದು, ಸಾಕಿ, ಪಳಗಿಸಿ, ಸ್ಪರ್ಧೆಗಿಳಿಸುವ ಆಟ ಅದು. ಆರಂಭದಲ್ಲಿ ಮೂರು ಮರಿಗಳ ಪೈಕಿ ಒಂದನ್ನು ಆಯ್ದುಕೊಳ್ಳಬೇಕು. ಹುಡುಗ ಕಿತ್ತಳೆ ಬಣ್ಣದ ಕೋಳಿಮರಿಯನ್ನು ಆಯ್ದು, ಅದಕ್ಕೆ ಅದೇ ವರ್ಷ ಚಿರತೆಯ ಪಾಲಾದ ನಾಯಿಯ ಹೆಸರಿಟ್ಟ. ನಾಲ್ಕು ಬೇಸಿಗೆ ಅದನ್ನು ನಮ್ಮ ಜಗಲಿಯ ಮೇಲೆ ಕುಳಿತು ಬೆಳೆಸಿದ. ಈ ಆಟದಲ್ಲಿ ಒಂದು ವಿಶೇಷವಿದೆ: ಪ್ರಾಣಿಯನ್ನು ಮೊದಲು ಹಿಡಿದವನ ಹೆಸರು, ಅವನ ಗುರುತಿನ ಸಂಖ್ಯೆ, ಅವನು ಇಟ್ಟ ಅಡ್ಡಹೆಸರು, ಇವೆಲ್ಲ ಆ ಪ್ರಾಣಿಯ ದಾಖಲೆಯಲ್ಲಿ ಅಂಟಿಕೊಂಡೇ ಇರುತ್ತವೆ. ಯಾರ ಕೈಗೆ ಹೋದರೂ, ಯಾವ ಯಂತ್ರಕ್ಕೆ ದಾಟಿದರೂ ಆ ಹೆಸರು ಅಳಿಯುವುದಿಲ್ಲ. ಕಸಿ ಕಟ್ಟಿದ ಅಪ್ಪೆಮಿಡಿ ಯಾರ ತೋಟದಲ್ಲಿ ಬೆಳೆದರೂ ತಾಯಿಮರ ಇದ್ದ ಊರಿನ ಹೆಸರನ್ನೇ ಹೊತ್ತಿರುವಂತೆ. ಹಿರಿಯವನು ಈಗ ದೂರದೇಶದಲ್ಲಿ ಉದ್ಯೋಗಿ. ಅಣ್ಣನ ಬಾಲ್ಯದ ಹೆಸರು ಹೊತ್ತ ಕೆಂಚನನ್ನು ತನ್ನ ಹೊಸ ಯಂತ್ರಕ್ಕೆ ದಾಟಿಸಿ ಅವನಿಗೆ ಕಳುಹಿಸಬೇಕೆಂಬುದು ತಮ್ಮನ ಬಯಕೆ. ಇದನ್ನು ಹುಡುಗಾಟವೆಂದು ತಳ್ಳಿಹಾಕುವವರು ತಮ್ಮ ಪೆಟ್ಟಿಗೆಯ ತಳದಲ್ಲಿ ಏನೇನು ಇಟ್ಟುಕೊಂಡಿದ್ದಾರೆಂದು ಒಮ್ಮೆ ನೋಡಿಕೊಳ್ಳಲಿ.

ಇನ್ನು ದಾರಿಯ ವಿಚಾರ. ಇದನ್ನು ಸ್ವಲ್ಪ ವಿವರವಾಗಿಯೇ ಹೇಳಬೇಕು, ಏಕೆಂದರೆ ವಾದದ ತಿರುಳು ಇದರಲ್ಲೇ ಇದೆ. ಗೇಮ್ ಬಾಯ್ ಅಡ್ವಾನ್ಸ್ 2001ರ ಯಂತ್ರ. ಅದರ ನಂತರ 2004ರಲ್ಲಿ ನಿಂಟೆಂಡೊ ಕಂಪನಿ ಡಿಎಸ್ ಯಂತ್ರವನ್ನು, 2006ರಲ್ಲಿ ಅದರ ಹಗುರ ರೂಪವಾದ ಡಿಎಸ್ ಲೈಟನ್ನು ಹೊರತಂದಿತು. ಇವೆರಡರಲ್ಲೂ ಹೊಸ ಕಾರ್ಟ್ರಿಜ್‌ಗೊಂದು, ಹಳೆಯ ಅಡ್ವಾನ್ಸ್ ಕಾರ್ಟ್ರಿಜ್‌ಗೊಂದು, ಹೀಗೆ ಎರಡು ಕಂಡಿಗಳಿದ್ದವು. ಹೊಸ ಕಂಡಿಯಲ್ಲಿ ‘ಪೋಕೆಮಾನ್ ಡೈಮಂಡ್’, ಹಳೆಯ ಕಂಡಿಯಲ್ಲಿ ‘ಎಮರಾಲ್ಡ್’ ಇಟ್ಟರೆ ಪಾಲ್ ಪಾರ್ಕ್ ಎಂಬ ಉದ್ಯಾನದ ಮೂಲಕ ಒಮ್ಮೆಗೆ ಆರು ಪ್ರಾಣಿಗಳನ್ನು ದಾಟಿಸಬಹುದು. ಅದಕ್ಕೂ ಮೊದಲು ಹೊಸ ಆಟವನ್ನು ಬಹುಮಟ್ಟಿಗೆ ಮುಗಿಸಿರಬೇಕು. ಒಮ್ಮೆ ದಾಟಿದ ಪ್ರಾಣಿ ಹಿಂದಿರುಗಲಾರದು. 2008ರಲ್ಲಿ ಬಂದ ಡಿಎಸ್‌ಐ ಯಂತ್ರದಲ್ಲಿ ಹಳೆಯ ಕಂಡಿಯನ್ನೇ ತೆಗೆದುಹಾಕಲಾಯಿತು. ಅಲ್ಲಿಂದ ಮುಂದಿನ ಯಾವ ಯಂತ್ರದಲ್ಲೂ ಅದು ಮತ್ತೆ ಬರಲಿಲ್ಲ. ಮುಂದಿನ ಹಂತ 2010ರ ‘ಪೋಕೆಮಾನ್ ಬ್ಲ್ಯಾಕ್’. ಅದಕ್ಕೆ ದಾಟಲು ಎರಡು ಯಂತ್ರಗಳನ್ನು ಅಕ್ಕಪಕ್ಕದಲ್ಲಿಟ್ಟು ನಿಸ್ತಂತು ಸಂಪರ್ಕ ಕಲ್ಪಿಸಬೇಕು. ಅದರಾಚೆ 2011ರ 3ಡಿಎಸ್ ಯಂತ್ರ. ಅದರಲ್ಲಿ ‘ಪೋಕೆಮಾನ್ ಬ್ಯಾಂಕ್’ ಎಂಬ ಅಂತರಜಾಲದ ಉಗ್ರಾಣ. ಅಲ್ಲಿಂದ 2020ರಲ್ಲಿ ಆರಂಭವಾದ ‘ಪೋಕೆಮಾನ್ ಹೋಮ್’. ಬ್ಯಾಂಕಿನಿಂದ ಹೋಮಿಗೆ ಸಾಗಿಸಲು ಶುಲ್ಕ ತೆರಬೇಕು, ಅದೂ ಏಕಮುಖ ರಸ್ತೆಯೇ. ಹೋಮ್ ತಲುಪಿದ ಮೇಲೂ ಪ್ರತಿಯೊಂದು ಹೊಸ ಆಟವು ಪ್ರತಿಯೊಂದು ಪ್ರಾಣಿಯನ್ನೂ ಒಳಗೆ ಬಿಟ್ಟುಕೊಳ್ಳುವುದಿಲ್ಲ.

ಐದು ದಡ, ನಾಲ್ಕು ಸಂಕ. ಇಪ್ಪತ್ತು ವರ್ಷಗಳ ಹಿಂದಿನ ಒಂದು ಕೋಳಿಮರಿಯನ್ನು ಇಂದಿಗೆ ತರಲು ಮಾಡಬೇಕಾದ ಯಾತ್ರೆ ಇದು. ಇಷ್ಟಾದರೂ ದಾರಿ ಇದೆಯಲ್ಲ ಎಂದು ಮೆಚ್ಚಬೇಕಾದದ್ದೇ. ಬೇರೆ ಬಹುತೇಕ ಆಟಗಳಿಗೆ ಒಂದು ಸಂಕವೂ ಇಲ್ಲ. 3ಡಿಎಸ್‌ನಲ್ಲಿ ವರ್ಷಗಟ್ಟಲೆ ಊರು ಕಟ್ಟಿ, ಗಿಡ ನೆಟ್ಟು, ಮನೆ ಅಲಂಕರಿಸಿದವರ ಆ ಊರುಗಳು 2017ರಲ್ಲಿ ಬಂದ ಸ್ವಿಚ್ ಯಂತ್ರಕ್ಕೆ ದಾಟಲಿಲ್ಲ. ಆಟಗಳೂ ದಾಟಲಿಲ್ಲ, ಉಳಿಸಿಕೊಂಡ ದಾಖಲೆಗಳೂ ದಾಟಲಿಲ್ಲ.

ಈ ನಡುವೆ ಒಂದು ಕದ ಮುಚ್ಚಿತು. 2023ರ ಮಾರ್ಚ್ 27ರಂದು 3ಡಿಎಸ್‌ನ ಅಂತರಜಾಲ ಮಳಿಗೆಯಲ್ಲಿ ಮಾರಾಟ ನಿಂತಿತು. 2024ರ ಏಪ್ರಿಲ್‌ನಲ್ಲಿ ಅದರ ಅಂತರಜಾಲ ಆಟದ ಸೇವೆಯೂ ನಿಂತಿತು. ಬ್ಯಾಂಕ್ ಉಗ್ರಾಣವನ್ನು ಮಾತ್ರ ಉಚಿತವಾಗಿ ಮುಂದುವರಿಸುವುದಾಗಿಯೂ ಅದೂ ಮುಂದೊಂದು ದಿನ ನಿಲ್ಲಬಹುದೆಂದೂ ಕಂಪನಿ ತಿಳಿಸಿತು. ಆದರೆ ಮಳಿಗೆ ಮುಚ್ಚುವ ಮೊದಲೇ ಬ್ಯಾಂಕಿನ ತಂತ್ರಾಂಶವನ್ನು ಪಡೆದುಕೊಂಡಿದ್ದವರಿಗಷ್ಟೇ ಅದು ಲಭ್ಯ. ಅಂದರೆ ಇಂದು ಒಬ್ಬ ವಿದ್ಯಾರ್ಥಿ ಹಳೆಯ ಕಾರ್ಟ್ರಿಜ್ ಹಿಡಿದು, ಹಣ ಕೊಟ್ಟು 3ಡಿಎಸ್ ಒಂದನ್ನು ಹೊಸದಾಗಿ ಹುಡುಕಿ ತಂದರೂ ಅಧಿಕೃತ ದಾರಿಯಲ್ಲಿ ದಾಟಲಾರ. ಪುಣ್ಯಕ್ಕೆ ನಮ್ಮ ಹುಡುಗನ 3ಡಿಎಸ್‌ನಲ್ಲಿ ಅದು 2014ರಿಂದಲೇ ಇತ್ತು. ಅವನಿಗೆ ಕೊರತೆಯಾದದ್ದು ಎರಡು ಕಂಡಿಗಳ ಆ ಬಿಳಿಯ ಡಬ್ಬಿ ಮಾತ್ರ. ಅದನ್ನು ಕಿತ್ತವನು ಪರಿಸರವಾದಿಯಾದ ನಾನು.

ಯಂತ್ರಗಳ ಒಳಗನ್ನು ಸ್ವಲ್ಪ ನೋಡೋಣ. 1989ರ ಮೂಲ ಗೇಮ್ ಬಾಯ್‌ನ ಕಾಲದಲ್ಲಿ, ಆಟವನ್ನು ನಿಲ್ಲಿಸಿದಲ್ಲಿಂದ ಮುಂದುವರಿಸುವ ಸೌಲಭ್ಯವಿದ್ದ ಕಾರ್ಟ್ರಿಜ್‌ಗಳೊಳಗೆ ಸಾಮಾನ್ಯವಾಗಿ ಗುಂಡಿಯಂಥ ಒಂದು ಲಿಥಿಯಂ ಸೆಲ್ ಇರುತ್ತಿತ್ತು. ವಿದ್ಯುತ್ತು ಹರಿಯುತ್ತಿರುವಷ್ಟು ಕಾಲ ಮಾತ್ರ ನೆನಪಿಟ್ಟುಕೊಳ್ಳುವ ಸ್ಮೃತಿಕೋಶಕ್ಕೆ ಆ ಸೆಲ್ಲೇ ಜೀವಾಧಾರ. ಸೆಲ್ ಸತ್ತರೆ ಆಟ ಉಳಿಯುತ್ತದೆ, ಆಡಿದ್ದೆಲ್ಲ ಹೋಗುತ್ತದೆ. ಸೆಲ್ ಬದಲಿಸಲು ಬಿಚ್ಚಿದರೂ ಹೋಗುತ್ತದೆ. 1999ರ ‘ಪೋಕೆಮಾನ್ ಗೋಲ್ಡ್’ ಆಟದಲ್ಲಿ ಅದೇ ಸೆಲ್ ಒಂದು ಗಡಿಯಾರವನ್ನೂ ಓಡಿಸಬೇಕಾದ್ದರಿಂದ ಅದು ಇನ್ನೂ ಬೇಗ ಬರಿದಾಗುತ್ತಿತ್ತು. ‘ಎಮರಾಲ್ಡ್’ನಲ್ಲಿ ದಾಖಲೆ ಕುಳಿತಿರುವುದು ಫ್ಲ್ಯಾಶ್ ಸ್ಮೃತಿಯಲ್ಲಿ; ವಿದ್ಯುತ್ತಿಲ್ಲದೆಯೂ ಅದು ಉಳಿಯುತ್ತದೆ. ಸೆಲ್ ಗಡಿಯಾರಕ್ಕಷ್ಟೇ. ಕೆಂಚನ ಗಡಿಯಾರ ಎಂದೋ ನಿಂತಿದ್ದರೂ ಕೆಂಚ ಬದುಕಿದ್ದುದರ ಗುಟ್ಟು ಇಷ್ಟೇ.

ಮಲೆನಾಡಿನ ಮಳೆಗಾಲಕ್ಕೆ ಮಾತ್ರ ಫ್ಲ್ಯಾಶ್ ಎಂಬ ರಿಯಾಯಿತಿ ಏನೂ ಇಲ್ಲ. ಕಾರ್ಟ್ರಿಜ್‌ನ ಹಿತ್ತಾಳೆ ಬಣ್ಣದ ಹಲ್ಲುಗಳಿಗೆ ಕಿಲುಬು ಬರುತ್ತದೆ. 2003ರಲ್ಲಿ ನನ್ನ ಭತ್ತದ ಪ್ರಯೋಗತಾಕುಗಳ ಎರಡು ಹಂಗಾಮಿನ ಅಂಕಿಅಂಶಗಳನ್ನು ಫ್ಲಾಪಿಗಳಲ್ಲಿ ತುಂಬಿ ಕಪಾಟಿನಲ್ಲಿಟ್ಟಿದ್ದೆ. ಮೂರನೆಯ ಮಳೆಗಾಲ ಕಳೆದು ತೆಗೆದು ನೋಡಿದರೆ ಒಳಗಿನ ತಟ್ಟೆಯ ಮೇಲೆ ಬೂಷ್ಟು ವೃತ್ತಾಕಾರವಾಗಿ ಬೆಳೆದಿತ್ತು. ಸಸ್ಯರೋಗಶಾಸ್ತ್ರದ ದೃಷ್ಟಿಯಿಂದ ಸೊಗಸಾದ ಮಾದರಿ. ಪುಣ್ಯವಶಾತ್ ನೋಟುಪುಸ್ತಕ ಉಳಿದಿತ್ತು.

ಹಳೆಯದನ್ನು ಹೊಸದಕ್ಕೆ ದಾಟಿಸುವುದು ತಾಂತ್ರಿಕವಾಗಿ ಕಷ್ಟ, ಆದ್ದರಿಂದಲೇ ದಾರಿಗಳು ಮುಚ್ಚುತ್ತವೆ ಎಂಬ ಮಾತನ್ನು ಕೇಳುತ್ತೇವೆ. ಅದರಲ್ಲಿ ಅರ್ಧ ಸತ್ಯವಿದೆ. 2002ರಲ್ಲಿ ಪೋಕೆಮಾನ್ ಆಟಗಳ ದಾಖಲೆಯ ರಚನೆಯನ್ನೇ ಹೊಸದಾಗಿ ರೂಪಿಸಿದ್ದರಿಂದ ಅದಕ್ಕೂ ಹಿಂದಿನ ಗೇಮ್ ಬಾಯ್ ಕಾರ್ಟ್ರಿಜ್‌ಗಳ ಪ್ರಾಣಿಗಳು ಆಗಲೇ ಹಿಂದೆ ಉಳಿದವು. ಸರಿ, ಒಪ್ಪೋಣ. ಆದರೆ 2016ರಲ್ಲಿ ಅದೇ ಹಳೆಯ ಆಟಗಳನ್ನು 3ಡಿಎಸ್‌ನ ಮಳಿಗೆಯಲ್ಲಿ ಮತ್ತೆ ಮಾರಾಟಕ್ಕಿಟ್ಟಾಗ, ಹೀಗೆ ಹೊಸದಾಗಿ ಕೊಂಡ ಪ್ರತಿಯಲ್ಲಿ ಹಿಡಿದ ಪ್ರಾಣಿಗಳಿಗೆ ಬ್ಯಾಂಕಿನ ದಾರಿ ತೆರೆಯಿತು. 1990ರ ದಶಕದಲ್ಲಿ ಹಣ ಕೊಟ್ಟು ಕೊಂಡ ಮೂಲ ಕಾರ್ಟ್ರಿಜ್‌ನ ಪ್ರಾಣಿಗಳಿಗೆ ತೆರೆಯಲಿಲ್ಲ. ಎರಡೂ ಕಡೆ ಆಟ ಒಂದೇ, ಪ್ರಾಣಿಯೂ ಒಂದೇ. ಹೊಸದಾಗಿ ಮಾರುವುದಕ್ಕೆ ಸಂಕ ಕಟ್ಟಲು ಬಂತು; ಎಂದೋ ಮಾರಿ ಆದದ್ದಕ್ಕೆ ಕಟ್ಟಲಿಲ್ಲ. ಕಷ್ಟದ ಪ್ರಶ್ನೆಯ ಜೊತೆಗೆ ಮನಸ್ಸಿನ ಪ್ರಶ್ನೆಯೂ ಇದೆ ಎಂಬುದಕ್ಕೆ ಇದಕ್ಕಿಂತ ಸ್ಪಷ್ಟ ನಿದರ್ಶನ ನನಗೆ ಸಿಕ್ಕಿಲ್ಲ.

ಇನ್ನೊಂದು ಕಂಪನಿಯ ಕಥೆಯೂ ಇಷ್ಟೇ ಬೋಧಪ್ರದ. ಸೋನಿಯ ಪಿಎಸ್‌ಪಿ ಯಂತ್ರ 2004ರ ಕೊನೆಗೆ ಜಪಾನಿನಲ್ಲಿ ಬಂತು. ಅದರ ಸೇವ್ ದಾಖಲೆಗಳು ಒಂದು ಚಿಕ್ಕ ಸ್ಮೃತಿಪಟ್ಟಿಯಲ್ಲಿ ಸಾಧಾರಣ ಕಡತಗಳಂತೆ ಕುಳಿತಿರುತ್ತಿದ್ದವು. ತಂತಿಯಿಂದ ಕಂಪ್ಯೂಟರಿಗೆ ಜೋಡಿಸಿ, ಒಂದು ಕಡತಕೋಶವನ್ನು ನಕಲು ಮಾಡಿಕೊಂಡರೆ ಮುಗಿಯಿತು. ಯಾರ ಅಪ್ಪಣೆಯೂ ಬೇಕಿರಲಿಲ್ಲ. ಅಂದರೆ ಆಡಿದವನ ಕೈಗೆ ಅವನ ದಾಖಲೆಯನ್ನು ಕೊಡುವುದು ಇಪ್ಪತ್ತು ವರ್ಷಗಳ ಹಿಂದೆಯೇ ಸಾಧ್ಯವಿತ್ತು. ಮುಂದೆ 2011ರಲ್ಲಿ ಬಂದ ವೀಟಾದಲ್ಲಿ ಆ ಸರಳತೆ ಹೋಯಿತು. ವೀಟಾದ ಸ್ಮೃತಿಪಟ್ಟಿ ಆ ಯಂತ್ರಕ್ಕೆಂದೇ ಮಾಡಿದ್ದು. ಪೇಟೆಯ ಯಾವ ಪಟ್ಟಿಯೂ ಅದಕ್ಕೆ ಸೇರದು. ಪಿಎಸ್‌ಪಿಯ ಆಟಗಳಿದ್ದ ಪುಟ್ಟ ತಟ್ಟೆಗಳಿಗೆ ವೀಟಾದಲ್ಲಿ ಜಾಗವೇ ಇರಲಿಲ್ಲ. ಜಪಾನಿನಲ್ಲಿ ತಟ್ಟೆಯನ್ನು ನೋಂದಾಯಿಸಿ, ಮತ್ತೊಂದಿಷ್ಟು ಹಣ ತೆತ್ತು ಅದೇ ಆಟವನ್ನು ಇಳಿಸಿಕೊಳ್ಳುವ ಯೋಜನೆ ತಂದರು. ಅಮೆರಿಕದವರಿಗೆ ಅದೂ ದಕ್ಕಲಿಲ್ಲ. 2021ರ ಮಾರ್ಚಿನಲ್ಲಿ ವೀಟಾದ ಮಳಿಗೆಯನ್ನೂ ಮುಚ್ಚುವುದಾಗಿ ಘೋಷಿಸಿದರು. ಆಡುವವರು ಗಲಾಟೆ ಎಬ್ಬಿಸಿದ ಮೇಲೆ ಏಪ್ರಿಲ್‌ನಲ್ಲಿ ಆ ನಿರ್ಧಾರ ಹಿಂದೆಗೆದರು. ನಾವು ಮನವಿಪತ್ರ, ಧರಣಿ, ಪಾದಯಾತ್ರೆಗಳ ಜನ. ಗಲಾಟೆಯಿಂದ ಕೆಲಸವಾಗುತ್ತದೆ ಎಂಬುದು ನಮಗೆ ಹೊಸ ಸುದ್ದಿಯಲ್ಲ, ಆದರೂ ಕೇಳಲು ಹಿತ.

ಇತ್ತೀಚಿನ ಯಂತ್ರಗಳಲ್ಲಿ ಸುಧಾರಣೆ ಇಲ್ಲವೆಂದಲ್ಲ. 2025ರ ಜೂನ್ 5ರಂದು ಬಂದ ಸ್ವಿಚ್ 2, ಹಳೆಯ ಸ್ವಿಚ್‌ನ ಬಹುಪಾಲು ಆಟಗಳನ್ನು ಆಡಿಸುತ್ತದೆ. ಎರಡೂ ಯಂತ್ರಗಳನ್ನು ಪಕ್ಕದಲ್ಲಿಟ್ಟು ಎಲ್ಲವನ್ನೂ ಸಾಗಿಸಬಹುದು; ಹಳೆಯದನ್ನು ಮೊದಲೇ ಮಾರಬೇಕಾದವರು ಕಂಪನಿಯ ಸರ್ವರಿನಲ್ಲಿ ಇರಿಸಿ ಹೊಸದರಲ್ಲಿ ಇಳಿಸಿಕೊಳ್ಳಬಹುದು. ಇದು ಒಳ್ಳೆಯ ಕೆಲಸ. ಆದರೆ ಸ್ವಿಚ್‌ನಲ್ಲಿ ಸೇವ್ ದಾಖಲೆ ಇರುವುದು ಆಟದ ಕಾರ್ಡಿನಲ್ಲಲ್ಲ, ಹಾಕಿದ ಮೈಕ್ರೊ ಎಸ್‌ಡಿ ಪಟ್ಟಿಯಲ್ಲೂ ಅಲ್ಲ, ಯಂತ್ರದ ಹೊಟ್ಟೆಯೊಳಗೆ. ಯಂತ್ರ ಹೊಳೆಗೆ ಬಿದ್ದರೆ ದಾಖಲೆಯೂ ಹೊಳೆಯ ಪಾಲು. ಅದರ ಇನ್ನೊಂದು ಪ್ರತಿ ಬೇಕೆಂದರೆ 2018ರಲ್ಲಿ ಆರಂಭವಾದ ಚಂದಾ ಸೇವೆಗೆ ಸೇರಬೇಕು. ಚಂದಾ ಮುಗಿದು 180 ದಿನಗಳೊಳಗೆ ಮರಳಿ ಸೇರದಿದ್ದರೆ ಅಲ್ಲಿಟ್ಟ ಪ್ರತಿಗೆ ಭರವಸೆ ಇಲ್ಲ. ಕೆಲವು ಆಟಗಳಿಗೆ ಈ ಸೇವೆಯೂ ಅನ್ವಯಿಸುವುದಿಲ್ಲ. 2020ರ ಲಾಕ್‌ಡೌನ್ ಕಾಲದಲ್ಲಿ ಜಗತ್ತಿನಾದ್ಯಂತ ಮನೆಯೊಳಗೆ ಕುಳಿತವರು ತಮ್ಮದೇ ದ್ವೀಪ ಕಟ್ಟಿಕೊಂಡ ‘ಅನಿಮಲ್ ಕ್ರಾಸಿಂಗ್: ನ್ಯೂ ಹೊರೈಜನ್ಸ್’ ಆಟ ಮಾರ್ಚಿನಲ್ಲಿ ಬಂತು, ದ್ವೀಪವನ್ನು ಒಂದು ಯಂತ್ರದಿಂದ ಇನ್ನೊಂದಕ್ಕೆ ಸಾಗಿಸುವ ಸಾಧನ ಬಂದದ್ದು ಆ ವರ್ಷದ ಕೊನೆಗೆ.

ಕಂಪನಿಗಳ ಪರವಾಗಿಯೂ ಒಂದು ಮಾತು ಹೇಳಬೇಕು. ಪ್ರಾಣಿಗಳನ್ನು ಆಟಗಾರರು ಪರಸ್ಪರ ಬದಲಾಯಿಸಿಕೊಳ್ಳುವ ಆಟದಲ್ಲಿ ದಾಖಲೆಯನ್ನು ಯಥೇಚ್ಛ ನಕಲು ಮಾಡಲು ಬಿಟ್ಟರೆ, ಒಂದು ಅಪರೂಪದ ಪ್ರಾಣಿ ಸಂಜೆಯೊಳಗೆ ಸಾವಿರವಾಗುತ್ತದೆ. ಆಮೇಲೆ ಅದನ್ನು ಕಷ್ಟಪಟ್ಟು ಹಿಡಿದವನಿಗೆ ಸಿಗುವ ಬೆಲೆ ಏನು? ಒಮ್ಮುಖ ದಾರಿಗೆ, ಕೆಲವು ನಿರ್ಬಂಧಗಳಿಗೆ ಇದು ನ್ಯಾಯವಾದ ಕಾರಣವೇ. ಆದರೆ ಒಬ್ಬನೇ ಕುಳಿತು ಆಡುವ, ಯಾರೊಡನೆಯೂ ವಿನಿಮಯವಿಲ್ಲದ ಆಟದ ದಾಖಲೆಗೂ ಬೀಗ ಏಕೆ ಎಂಬ ಪ್ರಶ್ನೆಗೆ ಈ ಉತ್ತರ ಸಲ್ಲುವುದಿಲ್ಲ.

ನನ್ನ ವೃತ್ತಿಯಲ್ಲಿ ಇದೇ ಪ್ರಶ್ನೆ ಬೀಜದ ರೂಪದಲ್ಲಿ ಎದುರಾಗುತ್ತದೆ. ಬೀಜಕೋಶಗಳಲ್ಲಿ ದೀರ್ಘಕಾಲದ ಸಂಗ್ರಹಕ್ಕೆಂದು ಬೀಜವನ್ನು ಸೊನ್ನೆಗಿಂತ 18 ಡಿಗ್ರಿ ಕೆಳಗೆ ಇಡುತ್ತಾರೆ. ಅಷ್ಟಕ್ಕೆ ಕೆಲಸ ಮುಗಿಯಲಿಲ್ಲ. ಆಗಾಗ ಮೊಳಕೆ ಪರೀಕ್ಷೆ ಮಾಡಬೇಕು. ಮೊಳೆಯುವ ಪ್ರಮಾಣ ಆರಂಭದಲ್ಲಿದ್ದುದರ ಶೇಕಡಾ 85ಕ್ಕಿಂತ ಕೆಳಗಿಳಿದರೆ ಮಣ್ಣಿಗೆ ಹಾಕಿ, ಬೆಳೆದು, ಹೊಸ ಬೀಜ ತೆಗೆದು ಮತ್ತೆ ಇಡಬೇಕು. ಸಂರಕ್ಷಣೆ ಎಂದರೆ ಇಟ್ಟುಬಿಡುವುದಲ್ಲ. ಕಾಲಕಾಲಕ್ಕೆ ಒಂದು ಪೀಳಿಗೆಯಿಂದ ಇನ್ನೊಂದಕ್ಕೆ ದಾಟಿಸುತ್ತಿರುವುದು. ದಾಟಿಸುವಾಗ ಒಂದಿಷ್ಟು ನಷ್ಟವೂ ಆಗುತ್ತದೆ. ಯಾರಿಂದ, ಯಾವ ಊರಿನಿಂದ, ಯಾವ ಗದ್ದೆಯಿಂದ ಬಂದ ಬೀಜ ಎಂಬ ವಿವರವನ್ನು ನಾವು ಪಾಸ್‌ಪೋರ್ಟ್ ದಾಖಲೆ ಎನ್ನುತ್ತೇವೆ. ಅದು ಕಳೆದುಹೋದ ಬೀಜ ಮೊಳೆಯುತ್ತದೆ, ಆದರೆ ಅದರ ಕಥೆ ಮೊಳೆಯುವುದಿಲ್ಲ. ಕೆಂಚನಿಗೂ ಹೀಗೇ ಆಗಿದೆ. ದಾಟುವಾಗ ಅವನನ್ನು ಮೊದಲು ಪಡೆದ ಸ್ಥಳದ ವಿವರ ಅಳಿಸಿ, ದಾಟಿಬಂದ ಕಟ್ಟೆಯ ಹೆಸರು ಬಿತ್ತು. ಅಣ್ಣನ ಹೆಸರು ಮಾತ್ರ ಉಳಿಯಿತು.

ನಾರ್ವೆಯ ಸ್ವಾಲ್‌ಬಾರ್ಡ್ ದ್ವೀಪದ ಬೆಟ್ಟದೊಳಗೆ 2008ರಲ್ಲಿ ತೆರೆದ ಬೀಜದ ಉಗ್ರಾಣದ ಬಗ್ಗೆ ನಮ್ಮ ಓದುಗರಿಗೆ ತಿಳಿದಿದೆ. ಅಲ್ಲಿನ ನಿಯಮವೊಂದು ಇಲ್ಲಿ ಮುಖ್ಯ. ಯಾವ ಸಂಸ್ಥೆ ಬೀಜ ಇಟ್ಟಿತೋ ಪೆಟ್ಟಿಗೆ ಅದರದ್ದೇ. ಉಗ್ರಾಣ ನಡೆಸುವವರು ಪೆಟ್ಟಿಗೆ ತೆರೆಯುವಂತಿಲ್ಲ, ಬೇರೆಯವರಿಗೆ ಕೊಡುವಂತಿಲ್ಲ. ಇಟ್ಟವರು ಕೇಳಿದಾಗ ಹಿಂದಿರುಗಿಸಬೇಕು. ಸಿರಿಯಾದ ಅಲೆಪ್ಪೊ ಬಳಿ ಇದ್ದ ಇಕಾರ್ಡಾ ಸಂಸ್ಥೆಯ ಬೀಜಕೋಶ ಅಂತರ್ಯುದ್ಧದಿಂದ ಕೈತಪ್ಪಿದಾಗ, 2015ರಲ್ಲಿ ಆ ಸಂಸ್ಥೆ ತನ್ನ ಪೆಟ್ಟಿಗೆಗಳನ್ನು ಹಿಂದಕ್ಕೆ ಪಡೆಯಿತು. ಲೆಬನಾನ್ ಮತ್ತು ಮೊರಾಕ್ಕೊಗಳಲ್ಲಿ ಬಿತ್ತಿ ಬೆಳೆದು, 2017ರಲ್ಲಿ ಹೊಸ ಬೀಜವನ್ನು ಮತ್ತೆ ಅಲ್ಲಿ ತಂದಿಟ್ಟಿತು. ದೂರದಲ್ಲೊಂದು ಪ್ರತಿ ಇರಬೇಕೆಂಬ ತತ್ತ್ವದಲ್ಲಿ ಕಂಪನಿಗಳ ಸರ್ವರಿಗೂ ಈ ಬೆಟ್ಟಕ್ಕೂ ಭೇದವಿಲ್ಲ. ಭೇದವಿರುವುದು ಪೆಟ್ಟಿಗೆ ಯಾರದ್ದು ಎಂಬಲ್ಲಿ. ಆಟ ಕಂಪನಿಯ ಸೃಷ್ಟಿ, ಅದರ ಮೇಲಿನ ಹಕ್ಕನ್ನು ನಾನು ಪ್ರಶ್ನಿಸುತ್ತಿಲ್ಲ. ನಾಲ್ಕು ಬೇಸಿಗೆ ಜಗಲಿಯ ಮೇಲೆ ಕುಳಿತು ಬೆಳೆಸಿದ್ದು ಮಾತ್ರ ಆಡಿದವನ ಬೆಳೆ.

ನಮ್ಮ ದೇಶದ 2001ರ ಸಸ್ಯತಳಿ ಸಂರಕ್ಷಣೆ ಮತ್ತು ರೈತರ ಹಕ್ಕುಗಳ ಕಾಯ್ದೆ ಇಂಥದೇ ಭೇದವನ್ನು ಗುರುತಿಸಿತು. ತಳಿಯನ್ನು ರೂಪಿಸಿದವನಿಗೆ ಹಕ್ಕು ಕೊಟ್ಟಿತು. ಜೊತೆಗೇ 39ನೇ ಕಲಮಿನಲ್ಲಿ, ಸಂರಕ್ಷಿತ ತಳಿಯ ಬೀಜವನ್ನೂ ರೈತ ಉಳಿಸಿಕೊಳ್ಳಬಹುದು, ಮತ್ತೆ ಬಿತ್ತಬಹುದು, ವಿನಿಮಯ ಮಾಡಬಹುದು, ಮಾರಲೂಬಹುದು, ಆದರೆ ಬ್ರ್ಯಾಂಡಿನ ಹೆಸರು ಹಾಕಿ ಮಾರುವಂತಿಲ್ಲ ಎಂದಿತು. ಇಬ್ಬರ ಹಕ್ಕೂ ಒಂದೇ ಕಾಯ್ದೆಯೊಳಗೆ ನಿಲ್ಲಬಲ್ಲದೆಂದು ತೋರಿಸಿದ ದೇಶ ನಮ್ಮದು. ದತ್ತಾಂಶದ ವಿಷಯಕ್ಕೆ ಬಂದಾಗ ನಮ್ಮ ಧೈರ್ಯ ಕುಂದಿದೆ. ಐರೋಪ್ಯ ಒಕ್ಕೂಟದಲ್ಲಿ 2018ರಿಂದ ಜಾರಿಯಲ್ಲಿರುವ ನಿಯಮಾವಳಿಯ 20ನೇ ವಿಧಿ, ವ್ಯಕ್ತಿಯು ತಾನು ಒದಗಿಸಿದ ದತ್ತಾಂಶವನ್ನು ಬಳಸಬಲ್ಲ ರೂಪದಲ್ಲಿ ಪಡೆದು ಬೇರೆಡೆಗೆ ಒಯ್ಯುವ ಹಕ್ಕನ್ನು ಕೊಡುತ್ತದೆ. ನಮ್ಮಲ್ಲಿ 2019ರ ಮಸೂದೆಯಲ್ಲಿ ಅಂಥ ಹಕ್ಕಿನ ಪ್ರಸ್ತಾಪವಿತ್ತು. 2023ರಲ್ಲಿ ಅಂಗೀಕಾರವಾದ ಕಾಯ್ದೆಯಲ್ಲಿ ಅದು ಕಾಣೆಯಾಯಿತು. ಕ್ಯಾಲಿಫೋರ್ನಿಯಾದಲ್ಲಿ 2025ರ ಜನವರಿಯಿಂದ, ಅಂತರಜಾಲದಲ್ಲಿ ಆಟ ಮಾರುವವರು ‘ಕೊಳ್ಳಿರಿ’ ಎಂದಷ್ಟೇ ಬರೆದು ಸುಮ್ಮನಿರುವಂತಿಲ್ಲ. ನೀವು ಪಡೆಯುತ್ತಿರುವುದು ಪರವಾನಗಿ ಮಾತ್ರ ಎಂದು ಸ್ಪಷ್ಟಪಡಿಸಬೇಕು. ಕನಿಷ್ಠ ಸತ್ಯ ಹೇಳಿ ಎಂಬಷ್ಟರ ಕಾನೂನು. ಅದೂ ಇಲ್ಲದಿರುವುದಕ್ಕಿಂತ ಮೇಲು.

ನನ್ನ ಅಭಿಪ್ರಾಯ ಹೀಗಿದೆ. ಯಂತ್ರದ ತಯಾರಿಕೆ ನಿಲ್ಲಿಸುವ, ಮಳಿಗೆ ಮುಚ್ಚುವ ಸ್ವಾತಂತ್ರ್ಯ ಕಂಪನಿಗೆ ಇರಲಿ. ಆದರೆ ಕದ ಮುಚ್ಚುವ ಮೊದಲು, ಆಡಿದವನು ತನ್ನ ದಾಖಲೆಯನ್ನು ಒಂದು ಸಾಧಾರಣ ಕಡತವಾಗಿ ಹೊರತೆಗೆದುಕೊಳ್ಳುವ ಬಾಗಿಲೊಂದನ್ನು ತೆರೆದಿಟ್ಟು ಹೋಗುವುದು ಅದರ ಕರ್ತವ್ಯವಾಗಬೇಕು, ಕೃಪೆಯಾಗಬಾರದು. ಮುಂದಿನ ಯಂತ್ರದಲ್ಲಿ ಅದು ನಡೆಯುತ್ತದೋ ಇಲ್ಲವೋ, ಅದು ಬೇರೆ ಮಾತು. ಬೀಜ ಕೈಯಲ್ಲಿದ್ದರೆ ಮಣ್ಣು ಹುಡುಕಬಹುದು.

ಮಲೆನಾಡಿನ ಪತ್ರಿಕೆಯಲ್ಲಿ ಇದೆಲ್ಲ ಏಕೆ ಎಂದು ಕೇಳುವವರಿಗೆ ಎರಡು ಅಂಕಿ. 2022ರಲ್ಲಿ ಜಗತ್ತು ಹೊರಹಾಕಿದ ಇ-ತ್ಯಾಜ್ಯ 6 ಕೋಟಿ 20 ಲಕ್ಷ ಟನ್. ಅದರಲ್ಲಿ ಕ್ರಮಬದ್ಧವಾಗಿ ಸಂಗ್ರಹವಾಗಿ ಮರುಬಳಕೆಯಾದದ್ದು ಶೇಕಡಾ 22.3 ಎಂದು ವಿಶ್ವಸಂಸ್ಥೆಯ ವರದಿ ಹೇಳುತ್ತದೆ. ಡಿಎಸ್ ಬಳಗದ ಯಂತ್ರಗಳು ಮಾರಾಟವಾದದ್ದು 15 ಕೋಟಿ 40 ಲಕ್ಷ, 3ಡಿಎಸ್ ಬಳಗದವು 7 ಕೋಟಿ 59 ಲಕ್ಷ. ದಾಖಲೆಯು ಯಂತ್ರಕ್ಕೆ ಕಟ್ಟಿಹಾಕಲ್ಪಟ್ಟಿರುವವರೆಗೆ ಈ ಯಂತ್ರಗಳಿಗೆ ಎರಡೇ ಗತಿ: ತಿಳಿದವರ ಅಟ್ಟದಲ್ಲಿ ಸೀಸ, ತಾಮ್ರ, ಲಿಥಿಯಂ ಸಮೇತ ಕೊಳೆಯುವುದು, ಅಥವಾ ನನ್ನಂಥ ಅರೆತಿಳಿದವರಿಂದ ಅಕಾಲದಲ್ಲಿ ಚೀಲ ಸೇರುವುದು. ದಾಖಲೆಗೆ ಬಿಡುಗಡೆ ಸಿಕ್ಕರೆ ಯಂತ್ರಕ್ಕೂ ಬಿಡುಗಡೆ. ಮರುಬಳಕೆಗೆ ಕೊಡಿ ಎಂದು ಜನರನ್ನು ಒಪ್ಪಿಸುವುದೂ ಆಗ ಸುಲಭ.

ಅಲ್ಲಿಯವರೆಗೆ ವಿದ್ಯಾರ್ಥಿ ಮಿತ್ರರಲ್ಲಿ ವಿನಂತಿ. ಹಳೆಯ ಯಂತ್ರವನ್ನು ಕೊಡುವ ಮೊದಲು ಒಮ್ಮೆ ಚಾರ್ಜ್ ಮಾಡಿ ತೆರೆದು ನೋಡಿ. ಹೊಸದಕ್ಕೆ ಸಾಗಿಸುವ ವ್ಯವಸ್ಥೆ ಇದ್ದರೆ ಎರಡೂ ಯಂತ್ರ ಜೀವಂತವಾಗಿರುವಾಗಲೇ ಸಾಗಿಸಿ. 3ಡಿಎಸ್‌ನಂಥವುಗಳಲ್ಲಿ ಎಸ್‌ಡಿ ಪಟ್ಟಿಯನ್ನು ಕಿತ್ತು ಇನ್ನೊಂದಕ್ಕೆ ಹಾಕಿದ ಮಾತ್ರಕ್ಕೆ ಏನೂ ದಾಟುವುದಿಲ್ಲ, ಅದು ಆ ಯಂತ್ರದ ಬೀಗದ ಕೈಯಿಂದಲೇ ತೆರೆಯುವಂಥದ್ದು. ಗುಂಡಿ ಸೆಲ್ ಇರುವ ಹಳೆಯ ಕಾರ್ಟ್ರಿಜ್ ಇದ್ದರೆ ದಿನಗಳು ಎಣಿಕೆಯಲ್ಲಿವೆ ಎಂದು ತಿಳಿಯಿರಿ. ಮೊಬೈಲು, ಲ್ಯಾಪ್‌ಟಾಪುಗಳಿಗೂ ಇದೇ ಮಾತು. ಇ-ತ್ಯಾಜ್ಯ ಸಂಗ್ರಹಕ್ಕೆ ಬರುವ ನಮ್ಮ ಕಾರ್ಯಕರ್ತರೂ ಇನ್ನು ಮುಂದೆ ಚೀಲ ಹಿಡಿಯುವ ಮೊದಲು "ಒಳಗೆ ಏನಿದೆ?" ಎಂದಷ್ಟೇ ಅಲ್ಲ, "ಇದು ಯಾವುದಕ್ಕಾದರೂ ಸಂಕವೇ?" ಎಂದೂ ಕೇಳಬೇಕು.

ನಮ್ಮ ಮನೆಯ ಕಥೆ ಹೀಗೆ ಮುಗಿಯಿತು. ಅಳಿಯನ ಸಹಪಾಠಿಯೊಬ್ಬನ ಬಳಿ ಡಿಎಸ್ ಲೈಟ್ ಇತ್ತು. ಎರಡು ವಾರಗಳ ನಂತರ ಬಸ್ಸಿನಲ್ಲಿ ಬಂತು. ಅಡಿಕೆ ಸುಲಿಯುವವರ ನಡುವೆ ಜಗಲಿಯ ಮೇಲೆ ಕುಳಿತು, ಸ್ಪಿರಿಟಿನಲ್ಲಿ ಅದ್ದಿದ ಹತ್ತಿಯಿಂದ ಕಾರ್ಟ್ರಿಜ್‌ನ ಕಿಲುಬು ಒರೆಸಿ ಒಳಗೆ ತಳ್ಳಿದ. ಮೊದಲ ಎರಡು ಸಲ ಯಂತ್ರ ಅದನ್ನು ಗುರುತಿಸಲಿಲ್ಲ. ಮೂರನೆಯ ಸಲ ಗುರುತಿಸಿತು. ಎಲ್ಲ ಸಂಕ ದಾಟಿಸಲು ಮೂರು ಸಂಜೆ ಬೇಕಾಯಿತು. ಕೊನೆಯ ಹಂತಕ್ಕೆ ನೆಟ್‌ವರ್ಕ್ ಸಿಗದೆ, ಎರಡು ಯಂತ್ರಗಳನ್ನೂ ಒಂದು ಮೊಬೈಲನ್ನೂ ಹಿಡಿದು ಗುಡ್ಡದ ನೆತ್ತಿಯ ಬೇಣಕ್ಕೆ ಹೋದೆವು. ಕತ್ತಲಾಗುವ ಹೊತ್ತಿಗೆ ಪರದೆಯ ಮೇಲೆ ಕೆಂಪು ಹುಂಜದಂಥ ಪ್ರಾಣಿ, ಅದರ ಕೆಳಗೆ ಕೆಂಚ ಎಂಬ ಹೆಸರು, ಪಕ್ಕದಲ್ಲಿ ಹಿರಿಯ ಅಳಿಯನ ಹೆಸರು ಕಾಣಿಸಿತು. ಅಲ್ಲಿಂದಲೇ ಅವನಿಗೆ ಕರೆ ಮಾಡಿ, ಕೆಂಚ ಬಂದ ಎಂದೆ. ಅರೆನಿದ್ರೆಯಲ್ಲಿದ್ದವನು ಒಂದು ಗಳಿಗೆ ಸುಮ್ಮನಿದ್ದು, "ಯಾವ ಕೆಂಚ ಮಾವ, ನಾಯಿಯಾ?" ಎಂದು ಕೇಳಿದ.

ಡಿಎಸ್ ಲೈಟನ್ನು ಹಿಂದಿರುಗಿಸಿದ್ದಾಯಿತು. ಕಾರ್ಟ್ರಿಜ್ ಈಗ ನನ್ನ ಕಪಾಟಿನಲ್ಲಿ, ಭತ್ತದ ಬೀಜದ ಮಾದರಿಗಳಿರುವ ಗಾಳಿಯಾಡದ ಡಬ್ಬಿಯೊಳಗೆ, ಸಿಲಿಕಾ ಜೆಲ್ ಪೊಟ್ಟಣದ ಪಕ್ಕದಲ್ಲಿದೆ.